ಕೆಲಸ ಮಾಡಿ ಬಂದ ಮುಖ

2019ರ ಆಗಸ್ಟ್. ಪುಣೆಯ ಒಂದು ಮಲ್ಟಿಪ್ಲೆಕ್ಸಿನಲ್ಲಿ ಆಫೀಸಿನ ಗೆಳೆಯರ ಜೊತೆ ‘ಮಿಷನ್ ಮಂಗಲ್’ ನೋಡುತ್ತಾ ಕೂತಿದ್ದೆ. ಅಕ್ಷಯ್ ಕುಮಾರ್, ವಿದ್ಯಾ ಬಾಲನ್, ತಾಪ್ಸಿ, ಸೋನಾಕ್ಷಿ, ನಿತ್ಯಾ ಮೆನನ್. ಎಲ್ಲರಿಗೂ ಗೊತ್ತಿರುವ ಮುಖಗಳು. ಅವರ ನಡುವೆ ಅನಂತ್ ಅಯ್ಯಂಗಾರ್ ಅನ್ನುವ ವಯಸ್ಸಾದ ಇಂಜಿನಿಯರ್ ಬಂದರು. ನನಗೆ ಮೈ ಜುಮ್ಮೆಂದಿತು. ಅಷ್ಟು ದೂರದ ಊರಲ್ಲಿ, ಅಷ್ಟು ದೊಡ್ಡ ತೆರೆಯ ಮೇಲೆ, ನಮ್ಮನೆಯ ಹಿರಿಯರೊಬ್ಬರು ಇದ್ದಕ್ಕಿದ್ದಂತೆ ಎದುರಿಗೆ ಬಂದ ಹಾಗಾಯಿತು. ಪಕ್ಕದಲ್ಲಿದ್ದ ನಾಗಪುರದ ಗೆಳೆಯ ನನ್ನ ಕಡೆ ವಾಲಿ, “ಆ ಅಂಕಲ್ ಯಾರು? ನಿಜವಾದ ವಿಜ್ಞಾನಿಯನ್ನೇ ಕರ್ಕೊಂಡು ಬಂದ ಹಾಗಿದೆ” ಎಂದ. “ದತ್ತಣ್ಣ” ಎಂದೆ. “ಅಂದ್ರೆ?” ಎಂದ.

ಅಲ್ಲಿ ನನಗೆ ಮಾತು ನಿಂತುಹೋಯಿತು. ಹೀರೋ ಒಬ್ಬರ ಬಗ್ಗೆ ಕೇಳಿದ್ದರೆ ಒಂದು ಸಿನಿಮಾದ ಹೆಸರು ಹೇಳಿದರೆ ಸಾಕಿತ್ತು. ಖಳನಾಯಕನಾದರೆ ಒಂದು ಡೈಲಾಗ್ ಸಾಕು. ದತ್ತಣ್ಣನ ಬಗ್ಗೆ ಯಾವ ಒಂದನ್ನು ಹೇಳುವುದು? ಒಂದು ಹೇಳಿದರೆ ಇನ್ನು ಹತ್ತು ಬಿಟ್ಟುಹೋಗುತ್ತವೆ. “ಕನ್ನಡದ ದೊಡ್ಡ ನಟ” ಎಂದಷ್ಟೇ ಹೇಳಿ ಸುಮ್ಮನಾದೆ. ಗೆಳೆಯ ತಲೆಯಾಡಿಸಿದ. ಆದರೆ ಆ ಉತ್ತರ ನನಗೇ ಸಮಾಧಾನ ಕೊಡಲಿಲ್ಲ. ಆವತ್ತಿನಿಂದ ಅದು ತಲೆಯಲ್ಲೇ ಉಳಿದಿದೆ. ಮೂವತ್ತು ವರ್ಷಕ್ಕಿಂತ ಜಾಸ್ತಿ ನಮ್ಮ ಸಿನಿಮಾದಲ್ಲಿ, ಧಾರಾವಾಹಿಯಲ್ಲಿ, ನಾಟಕದಲ್ಲಿ ಕಾಣಿಸಿಕೊಂಡ ಮನುಷ್ಯನನ್ನು ಗೊತ್ತಿಲ್ಲದವರಿಗೆ ಹೇಗೆ ಪರಿಚಯಿಸಬೇಕು?

ಅವನ ಮಾತಿನಲ್ಲಿ ಇನ್ನೊಂದು ವಿಷಯ ಇತ್ತು. ಅದು ನನಗೆ ಆಮೇಲೆ ಹೊಳೆಯಿತು. “ನಿಜವಾದ ವಿಜ್ಞಾನಿಯ ಹಾಗೆ” ಎಂದಿದ್ದನಲ್ಲ, ಅದು ಪೂರ್ತಿ ತಪ್ಪಾಗಿರಲಿಲ್ಲ.

ಯೌವನ ಕಾಣಿಸದ ನಟ

ನಮ್ಮಲ್ಲಿ ಯಾರೂ ದತ್ತಣ್ಣನನ್ನು ಹುಡುಗನಾಗಿ ತೆರೆಯ ಮೇಲೆ ನೋಡಿಲ್ಲ. ಅವರು ಹುಟ್ಟಿದ್ದು 1942ರಲ್ಲಿ, ಚಿತ್ರದುರ್ಗದಲ್ಲಿ. ಪೂರ್ತಿ ಹೆಸರು ಎಚ್.ಜಿ. ದತ್ತಾತ್ರೇಯ. ಇಂಜಿನಿಯರಿಂಗ್ ಓದಿದರು. ಭಾರತೀಯ ವಾಯುಪಡೆಗೆ ಸೇರಿದರು. ಎರಡು ದಶಕಕ್ಕೂ ಹೆಚ್ಚು ಕಾಲ ಅಲ್ಲಿ ದುಡಿದು ವಿಂಗ್ ಕಮಾಂಡರ್ ಆದರು. ಆಮೇಲೆ ಬೆಂಗಳೂರಿನ ಎಚ್‌ಎಎಲ್. ಸಿನಿಮಾಕ್ಕೆ ಬರುವಷ್ಟರಲ್ಲಿ 1980ರ ದಶಕ ಮುಗಿಯುತ್ತಾ ಬಂದಿತ್ತು. ಟಿ.ಎಸ್. ನಾಗಾಭರಣ ಅವರ ‘ಆಸ್ಫೋಟ’ದ ಹೊತ್ತಿಗೆ ಅವರಿಗೆ ನಲವತ್ತೈದು ದಾಟಿತ್ತು. ಉಳಿದವರು ಮಕ್ಕಳ ಮದುವೆ, ಮನೆಯ ಸಾಲ, ಪೆನ್ಶನ್ ಲೆಕ್ಕ ಅಂತ ಯೋಚಿಸುವ ವಯಸ್ಸು ಅದು. ಆ ವಯಸ್ಸಿನಲ್ಲಿ ಅವರ ಸಿನಿಮಾ ಬದುಕು ಶುರುವಾಯಿತು.

ಅವರ ಅಣ್ಣ ಎಚ್.ಜಿ. ಸೋಮಶೇಖರ ರಾವ್ ಕೂಡ ಹಾಗೆಯೇ. ಬ್ಯಾಂಕಿನ ಕೆಲಸ ಮಾಡುತ್ತಲೇ ನಟಿಸಿದವರು. 2020ರಲ್ಲಿ ತೀರಿಕೊಂಡರು. ಒಂದೇ ಮನೆಯ ಇಬ್ಬರು, ಒಬ್ಬರು ಬ್ಯಾಂಕಿನಿಂದ, ಒಬ್ಬರು ವಾಯುಪಡೆಯಿಂದ ನಟನೆಗೆ ಬಂದವರು. ಅಣ್ಣ ಸೋಮಣ್ಣ, ತಮ್ಮ ದತ್ತಣ್ಣ. ನಾವು ಕನ್ನಡದವರು ಇಷ್ಟಪಟ್ಟ ನಟನ ಹೆಸರಿಗೆ ‘ಅಣ್ಣ’ ಸೇರಿಸುತ್ತೇವೆ. ಎಂಬತ್ತು ದಾಟಿದರೂ ಅವರು ನಮಗೆ ಅಣ್ಣನೇ.

ಇಲ್ಲಿ ಕೆ.ಎಸ್. ಅಶ್ವಥ್ ಅವರನ್ನು ನೆನೆಯದೆ ಮುಂದೆ ಹೋಗಲು ಆಗುವುದಿಲ್ಲ. ‘ನಾಗರಹಾವು’ ಬಂದಿದ್ದು 1972ರಲ್ಲಿ. ಚಾಮಯ್ಯ ಮೇಷ್ಟ್ರು ಆಗಿ ನಮ್ಮ ಕಣ್ಣಲ್ಲಿ ನೀರು ತರಿಸಿದಾಗ ಅಶ್ವಥ್ ಅವರಿಗೆ ನಲವತ್ತೇಳರ ಆಸುಪಾಸು. ದತ್ತಣ್ಣ ಸಿನಿಮಾಕ್ಕೆ ಕಾಲಿಟ್ಟ ವಯಸ್ಸೂ ಹೆಚ್ಚುಕಡಿಮೆ ಅದೇ! ಅಶ್ವಥ್ ಆ ವಯಸ್ಸಿಗೆ ನೂರಾರು ಸಲ ಬಣ್ಣ ಹಚ್ಚಿದ್ದರು. ಅವರಿಗೆ ನಟನೆಯೇ ಬದುಕು. ಅವರ ಅಪ್ಪನ ಪಾತ್ರಗಳನ್ನು ನೋಡಿದರೆ ಇಂಥ ಅಪ್ಪ ನಮಗೂ ಇರಬೇಕಿತ್ತು ಅನ್ನಿಸುತ್ತದೆ. ಆ ಒಳ್ಳೆಯತನಕ್ಕೆ ಕೈ ಮುಗಿಯಬೇಕು ಅನ್ನಿಸುತ್ತದೆ. ದತ್ತಣ್ಣನ ಹಿರಿಯರನ್ನು ನೋಡಿದಾಗ ನನಗೆ ಬೇರೆಯೇ ಒಂದು ಭಾವ ಬರುತ್ತದೆ. ಈ ಮನುಷ್ಯ ಇಲ್ಲಿಗೆ ಬರುವ ಮುಂಚೆ ಎಲ್ಲೋ ಕೆಲಸ ಮಾಡುತ್ತಿದ್ದ, ದಿನವೂ ಒಂದು ಹೊತ್ತಿಗೆ ಎದ್ದು ಹೋಗುತ್ತಿದ್ದ, ಅಲ್ಲಿ ಅವನಿಗೆ ಒಂದು ಮರ್ಯಾದೆ ಇತ್ತು, ಒಂದೆರಡು ಅವಮಾನವೂ ಆಗಿರಬಹುದು ಅನ್ನಿಸುತ್ತದೆ.

ನಮ್ಮ ಸಿನಿಮಾಗಳಲ್ಲಿ ಅಪ್ಪನಿಗೆ ಅಪ್ಪನಾಗಿರುವುದೇ ಕೆಲಸ. ಪೇಪರ್ ಓದುತ್ತಾನೆ, ಕಾಫಿ ಕೇಳುತ್ತಾನೆ, ಮಗನಿಗೆ ಬೈಯುತ್ತಾನೆ, ಎದೆ ಹಿಡಿದುಕೊಂಡು ಕುಸಿಯುತ್ತಾನೆ. ಅವನು ಎಲ್ಲಿ ದುಡಿಯುತ್ತಿದ್ದ, ಏನು ಮಾಡುತ್ತಿದ್ದ, ಕತೆಗೆ ಬೇಕಿಲ್ಲ. ದತ್ತಣ್ಣ ಅದೇ ಪೇಪರ್ ಹಿಡಿದರೂ ಆ ಕೈಯಲ್ಲಿ ಫೈಲು ಹಿಡಿದ ಅಭ್ಯಾಸ ಕಾಣುತ್ತದೆ. ನಾಗಪುರದ ಗೆಳೆಯನಿಗೆ ಒಂದಕ್ಷರ ಕನ್ನಡ ಬರುವುದಿಲ್ಲ. ಅವನಿಗೂ ಅದು ಕಂಡಿತ್ತು. ವಿಮಾನಗಳ ನಡುವೆ ದುಡಿದ ಇಂಜಿನಿಯರ್ ಒಬ್ಬರು, ಮಂಗಳಯಾನದ ಇಂಜಿನಿಯರ್ ಆಗಿ ನಟಿಸುತ್ತಿದ್ದರು. ಅದನ್ನು ಅವನಿಗೆ ಆವತ್ತೇ ಹೇಳಬೇಕಿತ್ತು.

ಗಲ್ಲಾದ ಮುಂದೆ

ಅಪ್ಪ ಹೊಸದುರ್ಗದಲ್ಲಿ ಮೂವತ್ತೊಂದು ವರ್ಷ ದಿನಸಿ ಅಂಗಡಿ ನಡೆಸಿದರು. ಹನ್ನೆರಡು ಅಡಿ ಅಗಲದ ಅಂಗಡಿ. ಬಾಗಿಲ ಎರಡೂ ಬದಿ ಅಕ್ಕಿ, ರಾಗಿ ಮೂಟೆ. ಒಳಗೆ ಬೆಲ್ಲದ ವಾಸನೆ, ಮೆಣಸಿನಕಾಯಿ ಘಾಟು. ಮೇಲಿಂದ ಇಳಿಬಿಟ್ಟ ದಾರದ ಉಂಡೆ. ಹಳೇ ಪೇಪರಿನಲ್ಲಿ ಪೊಟ್ಟಣ ಕಟ್ಟಿ, ಆ ದಾರ ಎಳೆದು ನಾಲ್ಕು ಸುತ್ತು ಸುತ್ತಿ ಬೆರಳಲ್ಲೇ ತುಂಡು ಮಾಡುತ್ತಿದ್ದರು. ನಾನು ಎಷ್ಟು ಸಲ ಪ್ರಯತ್ನ ಮಾಡಿದರೂ ನನ್ನ ಬೆರಳು ಕೊಯ್ಯುತ್ತಿತ್ತೇ ಹೊರತು ದಾರ ತುಂಡಾಗುತ್ತಿರಲಿಲ್ಲ. ಊರಿಗೆ ದೊಡ್ಡ ಮಳಿಗೆಯೊಂದು ಬಂತು. ಎಸಿ, ತಳ್ಳುವ ಗಾಡಿ, ಒಂದಕ್ಕೆ ಒಂದು ಫ್ರೀ. ಎರಡು ವರ್ಷ ಅಪ್ಪ ತಡೆದರು. ಆಮೇಲೆ ಒಂದು ದಿನ ತಕ್ಕಡಿ, ಗಲ್ಲಾಪೆಟ್ಟಿಗೆ ಎರಡನ್ನೂ ಮನೆಗೆ ತಂದು ಮಂಚದ ಕೆಳಗೆ ತಳ್ಳಿದರು. ಆ ಬಗ್ಗೆ ಮನೆಯಲ್ಲಿ ಯಾರೂ ಮಾತಾಡಲಿಲ್ಲ.

ಪಿ. ಶೇಷಾದ್ರಿಯವರ ‘ಭಾರತ್ ಸ್ಟೋರ್ಸ್’ ಬಂದಾಗ ನಾನು ಅದನ್ನು ಬೆಂಗಳೂರಿನಲ್ಲಿ ಒಬ್ಬನೇ ನೋಡಿದೆ. 2012ರ ಸಾಲಿನ ಅತ್ಯುತ್ತಮ ಕನ್ನಡ ಚಿತ್ರ ಎಂದು ಅದಕ್ಕೆ ರಾಷ್ಟ್ರ ಪ್ರಶಸ್ತಿ ಬಂತು. ದತ್ತಣ್ಣ ಅದರಲ್ಲಿ ಗೋವಿಂದ ಶೆಟ್ಟಿ, ದಿನಸಿ ಅಂಗಡಿಯ ಯಜಮಾನ. ತನ್ನ ಅಪ್ಪ ಉಳಿಸಿಹೋದ ಹಳೇ ಸಾಲ ತೀರಿಸಬೇಕು ಅಂತ ವಿದೇಶದಿಂದ ಬರುವ ಹೆಣ್ಣುಮಗಳು ಆ ಅಂಗಡಿ ಹುಡುಕುತ್ತಾಳೆ. ಆ ಪಾತ್ರ ಸುಧಾರಾಣಿಯವರದು. ನೋಡಿ ಹೊರಗೆ ಬಂದ ಮೇಲೆ ಅಪ್ಪನಿಗೆ ಈ ಸಿನಿಮಾ ತೋರಿಸಬೇಕೋ ಬೇಡವೋ ಅಂತ ಬಹಳ ದಿನ ಯೋಚಿಸಿದೆ. ಗಾಯದ ಮೇಲೆ ಕೈ ಇಟ್ಟ ಹಾಗೆ ಆಗುತ್ತದಲ್ಲ ಅನ್ನುವ ಭಯ.

ಒಂದು ವರ್ಷದ ಮೇಲೆ, ಹಬ್ಬಕ್ಕೆ ಊರಿಗೆ ಹೋದಾಗ, ತೋರಿಸಿದೆ. ಅಪ್ಪ ಗೋಡೆಗೆ ಒರಗಿ, ಕಾಲು ಚಾಚಿ ಕೂತಿದ್ದರು. ಅಮ್ಮ ಅವರೆಕಾಯಿ ಬಿಡಿಸುತ್ತಾ ಪಕ್ಕದಲ್ಲಿ. ಸ್ವಲ್ಪ ಹೊತ್ತು ನೋಡಿದ ಮೇಲೆ ಅಪ್ಪ ಹೇಳಿದರು:

“ಈ ಮನುಷ್ಯ ಅಂಗಡಿ ಮಾಡಿದ್ದೋನು ಕಣೋ.”

“ಹೇಗೆ ಹೇಳ್ತೀರಪ್ಪ?”

“ಗಿರಾಕಿನ ನೋಡೋ ರೀತಿ ನೋಡು. ಮೊದಲು ಮುಖ, ಆಮೇಲೆ ಕೈ. ಮುಖ ನೋಡಿದ್ರೆ ಏನು ಕೇಳ್ತಾರೆ ಗೊತ್ತಾಗುತ್ತೆ. ಕೈ ನೋಡಿದ್ರೆ ದುಡ್ಡೋ, ಉದ್ರಿನೋ ಗೊತ್ತಾಗುತ್ತೆ. ಇದನ್ನ ಯಾರೂ ಹೇಳಿಕೊಡಕ್ಕಾಗಲ್ಲ.”

ನಾನು ಹೇಳಿದೆ, ಅವರು ಅಂಗಡಿ ಮಾಡಿದವರಲ್ಲ, ಏರ್‌ಫೋರ್ಸ್‌ನಲ್ಲಿ ವಿಂಗ್ ಕಮಾಂಡರ್ ಆಗಿದ್ದವರು, ನಮ್ಮ ಜಿಲ್ಲೆಯವರೇ ಅಂತ. ಅಪ್ಪ ನನ್ನ ಮುಖ ನೋಡಿದರು. ಮತ್ತೆ ತೆರೆಯ ಕಡೆ ನೋಡಿದರು. ಸ್ವಲ್ಪ ಹೊತ್ತಿನ ಮೇಲೆ, “ಅಲ್ಲೂ ಲೆಕ್ಕ ಕೊಡಬೇಕಲ್ಲ” ಎಂದರು.

ನಟನೆಯ ಬಗ್ಗೆ ನಾನು ಎಷ್ಟೋ ಬರಹ ಓದಿದ್ದೇನೆ. ಅಪ್ಪ ಹೇಳಿದ ಆ ಒಂದು ಮಾತಿನಷ್ಟು ಯಾವುದೂ ನನಗೆ ಸಹಾಯ ಮಾಡಿಲ್ಲ. ಸೇನೆಯ ಶಿಸ್ತು ಬೇರೆ, ದಿನಸಿ ಅಂಗಡಿ ಬೇರೆ. ಆದರೆ ದಿನದ ಕೊನೆಗೆ ಕೂತು ಬಂದದ್ದೆಷ್ಟು, ಹೋದದ್ದೆಷ್ಟು, ಯಾರಿಗೆ ಉತ್ತರ ಹೇಳಬೇಕು ಅಂತ ಯೋಚಿಸುವ ಸುಸ್ತು ಎರಡು ಕಡೆಯೂ ಒಂದೇ. ದತ್ತಣ್ಣ ಆ ಸುಸ್ತನ್ನು ತಮ್ಮ ಹಳೇ ಬದುಕಿನಿಂದ ತಂದು ಗೋವಿಂದ ಶೆಟ್ಟಿಗೆ ಕೊಟ್ಟಿದ್ದರು ಅಂತ ನಾನು ನಂಬಿದ್ದೇನೆ.

ಸಿನಿಮಾ ಮುಗಿದ ಮೇಲೆ ಅಪ್ಪ ಎದ್ದು ಒಳಗೆ ಹೋದರು. ಬೀರುವಿನ ಮೇಲಿಂದ ಉದ್ರಿ ಪುಸ್ತಕ ತಂದರು. ಕೆಂಪು ಬಟ್ಟೆಯ ರಟ್ಟು, ಮೂಲೆಯೆಲ್ಲ ಎಣ್ಣೆ ಕಲೆ. ಅಂಗಡಿ ಮುಚ್ಚಿ ಮೂರು ವರ್ಷ ಆಗಿತ್ತು. ಅದನ್ನು ಇಟ್ಟುಕೊಂಡಿದ್ದಾರೆ ಅಂತ ಅಮ್ಮನಿಗೂ ಗೊತ್ತಿರಲಿಲ್ಲ. “ಮೂರು ಜನ ಬಂದು ಕೊಟ್ಟು ಹೋದರು” ಎಂದರು. ಆ ಮೂರು ಹೆಸರುಗಳ ಮೇಲೆ ಅಡ್ಡ ಗೆರೆ ಎಳೆದಿತ್ತು. ಉಳಿದ ಹೆಸರುಗಳನ್ನು ಅವರು ಓದಲಿಲ್ಲ. ಯಾರ ಮೇಲೂ ಸಿಟ್ಟು ಇದ್ದ ಹಾಗೆ ಕಾಣಲಿಲ್ಲ.

ಕೇಳಿಸಿಕೊಳ್ಳುವವರು

ಪೋಷಕ ನಟನ ಹೆಚ್ಚಿನ ಹೊತ್ತು ಮಾತಾಡುವುದರಲ್ಲಿ ಹೋಗುವುದಿಲ್ಲ, ಬೇರೆಯವರ ಮಾತು ಕೇಳುವುದರಲ್ಲಿ ಹೋಗುತ್ತದೆ. ಹೀರೋ ಹೇಳುತ್ತಾನೆ, ಇವರು ಕೇಳುತ್ತಾರೆ. ಮಗಳು ಅಳುತ್ತಾಳೆ, ಇವರು ನೋಡುತ್ತಾರೆ. ಕ್ಯಾಮೆರಾ ಒಂದೆರಡು ಕ್ಷಣ ಇವರ ಕಡೆ ತಿರುಗಿ ಮತ್ತೆ ಅತ್ತ ಹೋಗುತ್ತದೆ. ಆ ಒಂದೆರಡು ಕ್ಷಣ ಸುಳ್ಳಾದರೆ ಎದುರಿಗಿರುವವರ ಮಾತೂ ಸುಳ್ಳಾಗಿಬಿಡುತ್ತದೆ. ಟಿ.ಎನ್. ಬಾಲಕೃಷ್ಣ, ನಮ್ಮ ಬಾಲಣ್ಣ, ಅವರಿಗೆ ಕಿವಿ ಸರಿಯಾಗಿ ಕೇಳುತ್ತಿರಲಿಲ್ಲ. ಎದುರಿಗಿರುವವರ ತುಟಿ ನೋಡಿಕೊಂಡು ತಮ್ಮ ಸರದಿ ಹಿಡಿಯುತ್ತಿದ್ದರು. ಹಾಗಾಗಿ ಅವರ ಕಣ್ಣು ಯಾವಾಗಲೂ ಎದುರಿನವರ ಮೇಲೆಯೇ. ಈಗ ಅವರ ಹಳೇ ಸಿನಿಮಾ ನೋಡುವಾಗ ಆ ಕಣ್ಣುಗಳನ್ನೇ ಗಮನಿಸುತ್ತೇನೆ. ಕಿವಿ ಕೇಳದವರು ಎಷ್ಟು ಚೆನ್ನಾಗಿ ಕೇಳಿಸಿಕೊಳ್ಳುತ್ತಿದ್ದರು ಅಂತ ಅಚ್ಚರಿಯಾಗುತ್ತದೆ.

ದತ್ತಣ್ಣ ಕೇಳಿಸಿಕೊಳ್ಳುವುದರಲ್ಲಿ ದೊಡ್ಡವರು. ಎದುರಿನವರು ಮಾತು ಮುಗಿಸುವ ತನಕ ಅವರ ಮುಖ ಉತ್ತರ ಸಿದ್ಧ ಮಾಡಿಕೊಳ್ಳುವುದಿಲ್ಲ. ಮಾತು ಮುಗಿದ ಮೇಲೆ ಒಂದು ಸಣ್ಣ ಬಿಡುವು. ಆಮೇಲೆ ಉತ್ತರ. ಸಂಭಾಷಣೆ ಗೊತ್ತಿದ್ದೂ ಗೊತ್ತಿಲ್ಲದವರ ಹಾಗೆ ಇರುವುದು ಎಷ್ಟು ಕಷ್ಟ ಅಂತ ಕಾಲೇಜಿನಲ್ಲಿ ಒಂದೆರಡು ನಾಟಕ ಮಾಡಿದ ನನಗೆ ಗೊತ್ತು. ನನ್ನ ತುಟಿ ಎದುರಿನವರ ಮಾತು ಮುಗಿಯುವ ಮುಂಚೆಯೇ ಅಲುಗಾಡುತ್ತಿತ್ತು.

ಇದಕ್ಕೆ ನಾನು ಯಾವಾಗಲೂ ನೆನೆಯುವುದು ‘ಬೆಟ್ಟದ ಜೀವ’. ಶಿವರಾಮ ಕಾರಂತರ ಕಾದಂಬರಿ ಆಧರಿಸಿ ಶೇಷಾದ್ರಿಯವರೇ ಮಾಡಿದ ಸಿನಿಮಾ. ಕಾದಂಬರಿಯ ಗೋಪಾಲಯ್ಯನನ್ನು ಓದಿದವರು ಎಲ್ಲರೂ ತಮ್ಮ ತಮ್ಮ ತಲೆಯಲ್ಲಿ ಒಂದು ಮುಖ ಕೊಟ್ಟುಕೊಂಡಿರುತ್ತಾರೆ. ನನ್ನ ಗೋಪಾಲಯ್ಯ ಎತ್ತರದ, ಗಟ್ಟಿ ದನಿಯ ಆಳು. ಕಾಡು ಕಡಿದು ತೋಟ ಎಬ್ಬಿಸಿದವನು, ಹುಲಿಗೆ ಹೆದರದವನು. ದತ್ತಣ್ಣ ಆ ಪಾತ್ರ ಮಾಡುತ್ತಾರೆ ಅಂತ ಗೊತ್ತಾದಾಗ ಸ್ವಲ್ಪ ಅನುಮಾನವಿತ್ತು, ನಿಜ. ಬಯಲುಸೀಮೆಯ ಮನುಷ್ಯ, ಇಂಜಿನಿಯರು, ಕುಮಾರಪರ್ವತದ ತಪ್ಪಲಿನ ಹವ್ಯಕ ಅಜ್ಜ ಆಗುವುದು ಹೇಗೆ? ನೋಡಿದ ಮೇಲೆ ನನ್ನ ತಲೆಯಲ್ಲಿದ್ದ ಗೋಪಾಲಯ್ಯ ಎಲ್ಲಿ ಹೋದನೋ ಗೊತ್ತಿಲ್ಲ. ಈಗ ಪುಸ್ತಕ ತೆರೆದರೂ ದತ್ತಣ್ಣನ ಮುಖವೇ.

ಮಗ ಶಂಭು ಮನೆ ಬಿಟ್ಟು ಹೋಗಿದ್ದಾನೆ. ಗಂಡ ಹೆಂಡತಿ ಇಬ್ಬರೇ ಆ ಬೆಟ್ಟದ ನಡುವೆ. ಶಂಕರಮ್ಮನಾಗಿ ರಾಮೇಶ್ವರಿ ವರ್ಮಾ. ದಾರಿ ತಪ್ಪಿ ಬಂದ ಶಿವರಾಮಯ್ಯನಿಗೆ ಅವರು ಮಾಡುವ ಉಪಚಾರ ಕಾರಂತರನ್ನು ಓದಿದವರಿಗೆಲ್ಲ ಗೊತ್ತು. ಗೋಪಾಲಯ್ಯ ನಗುತ್ತಾರೆ, ತಮಾಷೆ ಮಾಡುತ್ತಾರೆ, ಒತ್ತಾಯ ಮಾಡಿ ಉಳಿಸಿಕೊಳ್ಳುತ್ತಾರೆ. ಆದರೆ ಶಂಕರಮ್ಮ ಮಗನ ಮಾತು ಎತ್ತಿದಾಗ ನಗು ಹಾಗೇ ಇರುತ್ತದೆ, ಅದರೊಳಗಿಂದ ಏನೋ ಒಂದು ಎದ್ದು ಹೋಗಿರುತ್ತದೆ. ಹೆಂಡತಿಯ ದುಃಖ ಕೇಳಿಸಿಕೊಳ್ಳಬೇಕು. ತನ್ನದನ್ನು ತೋರಿಸಬಾರದು. ತೋರಿಸಿದರೆ ಅವಳು ಇನ್ನೂ ಕುಗ್ಗುತ್ತಾಳೆ. ದುಡಿಮೆಯಲ್ಲೇ ದುಃಖ ಮರೆಯುವ ಅಭ್ಯಾಸ ಇರುವ ಗಂಡಸರು ನಮ್ಮ ಹಳ್ಳಿಗಳಲ್ಲಿ ಮನೆಗೊಬ್ಬರು ಸಿಗುತ್ತಾರೆ. ಅವರು ಅಳುವುದಿಲ್ಲ, ತೋಟಕ್ಕೆ ಹೋಗುತ್ತಾರೆ. ಆ ಗಂಡಸರನ್ನು ಅಷ್ಟು ಪ್ರೀತಿಯಿಂದ ತೋರಿಸಿದ್ದನ್ನು ನಾನು ಇನ್ನೆಲ್ಲೂ ನೋಡಿಲ್ಲ.

ಮನೆಯ ಪೆಟ್ಟಿಗೆಯಲ್ಲಿ

ಟಿವಿಯ ಬಗ್ಗೆ ಒಂದು ಮಾತು. ಚಂದನದಲ್ಲಿ ‘ಮಾಯಾಮೃಗ’ ಬರುತ್ತಿದ್ದ ಕಾಲ ನಮ್ಮ ತಲೆಮಾರಿಗೆ ನೆನಪಿದೆ. ಸಂಜೆ ಬೀದಿ ಖಾಲಿಯಾಗುತ್ತಿತ್ತು. ಆ ಕಾಲದ ಕನ್ನಡ ಧಾರಾವಾಹಿಗಳು ದತ್ತಣ್ಣನಂಥ ನಟರನ್ನು ನಮ್ಮ ಪಡಸಾಲೆಗೆ ಕರೆತಂದವು. ಥಿಯೇಟರಿನಲ್ಲಿ ನೋಡುವ ನಟ ದೂರದವನು, ಟಿವಿಯಲ್ಲಿ ದಿನವೂ ಬರುವವರು ನೆಂಟರ ಹಾಗೆ. ನಮ್ಮಜ್ಜಿ ಟಿವಿಯಲ್ಲಿ ಪರಿಚಯದ ಹಿರಿಯ ನಟ ಕಂಡರೆ ಸೆರಗು ಸರಿ ಮಾಡಿಕೊಳ್ಳುತ್ತಿದ್ದರು. ಯಾಕಜ್ಜಿ ಅಂದರೆ, “ದೊಡ್ಡೋರು ಬಂದವ್ರೆ ಕಣಪ್ಪ” ಎನ್ನುತ್ತಿದ್ದರು. ಅದಕ್ಕಿಂತ ದೊಡ್ಡ ಮರ್ಯಾದೆ ನಟನಿಗೆ ಇನ್ನೇನಿದೆ?

ಆ ಮರ್ಯಾದೆಯೇ ಒಂದು ಕಟ್ಟೂ ಆಗಬಹುದು. ಎಲ್ಲರೂ ಗೌರವ ಕೊಡುವ ಹಿರಿಯ, ಕೊನೆತನಕ ಅದೇ ಹಿರಿಯನಾಗಿ ಉಳಿದುಬಿಡುತ್ತಾನೆ. ದತ್ತಣ್ಣ ಅದಕ್ಕೆ ಒಪ್ಪಲಿಲ್ಲ. ಕರಾವಳಿಯ ಮುಸ್ಲಿಂ ಹೆಣ್ಣುಮಕ್ಕಳ ಸಂಕಟದ ಕತೆ ಹೇಳುವ ‘ಮುನ್ನುಡಿ’ಯಲ್ಲಿ ಅವರಿದ್ದರು. ಅನಂತಮೂರ್ತಿಯವರ ಕತೆಯ ‘ಮೌನಿ’ಯಲ್ಲಿ ಅನಂತನಾಗ್ ಎದುರು ನಿಂತರು. ಇವೆಲ್ಲ ಆದ ಮೇಲೆ, 2016ರಲ್ಲಿ, ಎಪ್ಪತ್ತು ದಾಟಿದ ಮೇಲೆ, ವಿಜಯಪ್ರಸಾದ್ ಅವರ ‘ನೀರ್‌ದೋಸೆ’ಯಲ್ಲಿ ಜಗ್ಗೇಶ್ ಜೊತೆ ಕಾಣಿಸಿಕೊಂಡರು. ಆ ಸಿನಿಮಾದ ಮಾತುಗಳು ಎಂಥವು ಅಂತ ನೋಡಿದವರಿಗೆ ಗೊತ್ತು. ನಮ್ಮಮ್ಮ ಅರ್ಧಕ್ಕೆ ಎದ್ದು ಹೋದರು. “ದತ್ತಣ್ಣ ಇಂಥದ್ದು ಯಾಕೆ ಮಾಡಿದ್ರು?” ಅಂತ ಎರಡು ದಿನ ಬೇಜಾರು ಮಾಡಿಕೊಂಡರು. ನನಗೆ ಮಾತ್ರ ಆವತ್ತು ಅವರ ಮೇಲೆ ಇನ್ನೂ ಗೌರವ ಜಾಸ್ತಿಯಾಯಿತು. ವಯಸ್ಸಾದವರಿಗೂ ಒಂಟಿತನ ಇರುತ್ತದೆ, ಆಸೆ ಇರುತ್ತದೆ, ಪೋಲಿ ಮಾತು ಬರುತ್ತದೆ. ಬೆಟ್ಟದ ಗೋಪಾಲಯ್ಯನನ್ನು ಮಾಡಿದ ಮನುಷ್ಯ, ಜನ ಏನಂದುಕೊಳ್ಳುತ್ತಾರೋ ಅಂತ ಹಿಂಜರಿಯದೆ ಇದನ್ನೂ ಮಾಡಿದರಲ್ಲ. ಅಮ್ಮನ ಬೇಜಾರೂ ಸುಳ್ಳಲ್ಲ. ಅವರ ಮಟ್ಟಿಗೆ ಮನೆಗೆ ಬರುತ್ತಿದ್ದ ನೆಂಟರೊಬ್ಬರು ಬೇರೆ ಥರ ಮಾತಾಡಿದ್ದರು.

ಮತ್ತೆ ನಾಗಪುರದ ಗೆಳೆಯ

ಕಳೆದ ದಸರಾಕ್ಕೆ ಆ ಗೆಳೆಯ ನನ್ನ ಜೊತೆ ಊರಿಗೆ ಬಂದಿದ್ದ. ಚಿತ್ರದುರ್ಗದ ಕೋಟೆ ಹತ್ತಿಸಿದೆ. ಓಬವ್ವನ ಕಿಂಡಿಯ ಹತ್ತಿರ ಕೂತು ಬೆವರು ಒರೆಸಿಕೊಳ್ಳುವಾಗ, “ನೀನು ಅವತ್ತು ಕೇಳಿದ ಅಂಕಲ್ ಇದೇ ಊರಿನವರು” ಎಂದೆ. ಅವನಿಗೆ ಮರೆತೇ ಹೋಗಿತ್ತು. ನೆನಪು ಮಾಡಿದೆ. ಆರು ವರ್ಷದಿಂದ ಹೇಳಬೇಕು ಅಂತ ಇಟ್ಟುಕೊಂಡಿದ್ದನ್ನೆಲ್ಲ ಅಲ್ಲೇ ಹೇಳಲು ಶುರು ಮಾಡಿದೆ. ವಾಯುಪಡೆ, ಎಚ್‌ಎಎಲ್, ಸೋಮಣ್ಣ, ಗೋವಿಂದ ಶೆಟ್ಟಿ. ಅವನು ಪಾಪ, ಕೇಳಿದ. ಆದರೆ ಹೇಳುತ್ತಾ ಹೋದಂತೆ ನನಗೇ ಅದು ಯಾವುದೋ ಅರ್ಜಿ ತುಂಬಿದ ಹಾಗೆ ಅನ್ನಿಸಿತು. ನಿಲ್ಲಿಸಿದೆ.

ರಾತ್ರಿ ಊಟ ಆದ ಮೇಲೆ ಟಿವಿಗೆ ‘ಬೆಟ್ಟದ ಜೀವ’ ಹಾಕಿದೆ. ಅಪ್ಪ ಅದನ್ನು ಎಷ್ಟು ಸಲ ನೋಡಿದ್ದಾರೋ ಲೆಕ್ಕವಿಲ್ಲ. ಈಗ ಅವರಿಗೆ ಎಪ್ಪತ್ತಾರು, ಕಣ್ಣು ಸ್ವಲ್ಪ ಮಂಜು. ಮುಂದಕ್ಕೆ ಕುರ್ಚಿ ಎಳೆದುಕೊಂಡು ಕೂತರು. ಗೆಳೆಯ ಚಾಪೆಯ ಮೇಲೆ. ಮೊದಲು ಅಲ್ಲಲ್ಲಿ ನಾನು ಅರ್ಥ ಹೇಳುತ್ತಿದ್ದೆ. ಆಮೇಲೆ ಅವನೇ ಕೈ ಅಡ್ಡ ಹಿಡಿದು ಬೇಡ ಎಂದ. ಸುಮಾರು ಹೊತ್ತು ಯಾರೂ ಮಾತಾಡಲಿಲ್ಲ. ಗೋಪಾಲಯ್ಯ, ಶಂಕರಮ್ಮ ಇಬ್ಬರೇ ಇರುವ ಒಂದು ದೃಶ್ಯ ನಡೆಯುತ್ತಿತ್ತು. ಗೆಳೆಯ ತೆರೆಯಿಂದ ಕಣ್ಣು ತೆಗೆಯದೆ, ಹಿಂದಿಯಲ್ಲಿ, ಸಣ್ಣ ದನಿಯಲ್ಲಿ ಕೇಳಿದ.

“ಅವರ ಮಗ ಬರ್ತಾನಾ?”

ಅಪ್ಪನಿಗೆ ಹಿಂದಿ ಬರುವುದಿಲ್ಲ. “ಏನಂತೆ?” ಎಂದರು. ನಾನು ಹೇಳಿದೆ. ಅಪ್ಪ ಗೆಳೆಯನ ಕಡೆ ಒಂದು ಸಲ, ನನ್ನ ಕಡೆ ಒಂದು ಸಲ ನೋಡಿದರು. ಆಮೇಲೆ ದತ್ತಣ್ಣನ ಕಡೆ ತಿರುಗಿದರು.

“ಕಾಯ್ತಾವ್ರಲ್ಲ. ನೋಡಣ ಸುಮ್ನಿರು ಅನ್ನು.”